ದಡ ಎಲ್ಲೂ ಓಡಿಹೋಗಲ್ಲ

ಹಿಲ್ಕೆ ಹುಟ್ಟಿದ್ದು ದೋಣಿಯಲ್ಲಿ, ನಡೆಯಲು ಕಲಿತದ್ದೂ ದೋಣಿಯಲ್ಲೇ. ಅವಳ ಅಪ್ಪ ಬೇರೆಂಡ್‌ನದು ಉದ್ದನೆಯ ಸರಕು ದೋಣಿ. ಜಲ್ಲಿಯನ್ನೋ ಆಲೂಗಡ್ಡೆಯನ್ನೋ ತುಂಬಿಕೊಂಡು ಜ್ವೊಲ್ಲೆಯಿಂದ ರೋಟರ್‌ಡ್ಯಾಮಿನವರೆಗೆ ನದಿ ಕಾಲುವೆಗಳ ಮೇಲೆ ವರ್ಷವಿಡೀ ಓಡಾಟ. ದೋಣಿಯ ಹಿಂಭಾಗದಲ್ಲಿ ಎರಡು ಪುಟ್ಟ ಕೋಣೆ, ಕಿಟಕಿಗೆ ಲೇಸಿನ ಪರದೆ, ಪರದೆಯ ಹಿಂದೆ ಹೂವಿನ ಕುಂಡ. ಮನೆ ಅಂದರೆ ಅದೇ. ಮಗು ನೀರಿಗೆ ಬೀಳದಿರಲಿ ಎಂದು ಅಮ್ಮ ಯಾಂತಿನಾ ಅವಳ ಸೊಂಟಕ್ಕೊಂದು ಹಗ್ಗ ಬಿಗಿದು ಕಂಬಕ್ಕೆ ಕಟ್ಟಿ, ತಾನು ಪಕ್ಕದಲ್ಲೇ ಬಟ್ಟೆ ಒಗೆಯುತ್ತಿದ್ದಳು.

ಹೀಗೆ ಕಟ್ಟಿಹಾಕಿದ ಮಗುವಿನ ಹತ್ತಿರ ಜಗತ್ತೇ ನಡೆದು ಬರುತ್ತಿತ್ತು. ಹುಲ್ಲುಗಾವಲು, ಕಪ್ಪು ಬಿಳುಪಿನ ಹಸುಗಳು, ಚರ್ಚಿನ ಗೋಪುರ, ಕಿಟಕಿ ಒರೆಸುವ ಹೆಂಗಸು, ಸೈಕಲ್ಲಿನ ಮೇಲೆ ಪಾದ್ರಿ, ಎಲ್ಲವೂ ನಿದ್ದೆಗಣ್ಣಿಗೆ ಕಂಡಂತೆ ಮೆಲ್ಲಗೆ ಹತ್ತಿರವಾಗಿ, ಒಂದು ಗಳಿಗೆ ಎದುರಿಗಿದ್ದು, ಮೆಲ್ಲಗೆ ಹಿಂದಕ್ಕೆ ಸರಿದುಹೋಗುತ್ತಿದ್ದವು. ದಡದವರ ತುಟಿ ಆಡುವುದು ಕಾಣುತ್ತಿತ್ತೇ ಹೊರತು ಮಾತು ಕೇಳುತ್ತಿರಲಿಲ್ಲ. ಮಾತನ್ನು ಹಿಲ್ಕೆಯೇ ತುಂಬುತ್ತಿದ್ದಳು.

"ಅಯ್ಯೋ ದೇವ್ರೇ, ನನ್ನ ಟೋಪಿ! ಈ ಗಾಳಿನ ಒಂಚೂರು ಹಿಡ್ಕೊಳ್ಳಪ್ಪ, ನಿನ್ನ ಕೆಲಸಕ್ಕೇ ಹೊರಟಿದೀನಿ!" ಇದು ಪಾದ್ರಿ.

"ಏನೇ, ಈ ದೋಣಿಯವ್ರು ಹೋದ ವಾರಾನೂ ಬಂದಿದ್ರಲ್ಲ. ಇವ್ರಿಗೆ ಮನೆ ಮಠ ಇಲ್ವೇನೇ?" ಇದು ಹಸು, ಪಕ್ಕದ ಹಸುವಿಗೆ.

ಯಾಂತಿನಾ ಒದ್ದೆ ದುಪ್ಪಟಿಯನ್ನು ಹೊಟ್ಟೆಗೆ ಒತ್ತಿ ಹಿಡಿದು ನಗುತ್ತಿದ್ದಳು. ನಕ್ಕು ನಕ್ಕು ಸಾಕಾಗಿ, "ಬೇರೆಂಡ್, ಕೇಳಿಸ್ತೇನೋ ನಿನ್ ಮಗಳು ಅಂದಿದ್ದು?" ಎಂದು ಕೂಗುವಳು. ಚುಕ್ಕಾಣಿ ಹಿಡಿದು ನಿಂತ ಬೇರೆಂಡ್ ತಲೆಯಾಡಿಸುವನು, ಅಷ್ಟೇ. ಮಾತಿನ ವಿಷಯದಲ್ಲಿ ಅವನು ಬಹಳ ಬಡವ.

ದೋಣಿಯವರ ಮಕ್ಕಳು ಏಳು ವರ್ಷಕ್ಕೆ ದಡ ಹತ್ತಲೇಬೇಕು. ಶಾಲೆ ನೀರಿನ ಮೇಲೆ ತೇಲುವುದಿಲ್ಲವಲ್ಲ. ಅಂಥ ಮಕ್ಕಳಿಗಾಗಿಯೇ ಜ್ವೊಲ್ಲೆಯಲ್ಲೊಂದು ವಸತಿಮನೆ ಇತ್ತು. ಒಂದು ಸೋಮವಾರ ಅಮ್ಮ ಅವಳನ್ನು ಅಲ್ಲಿಗೆ ಕರೆತಂದು, ಎರಡು ಕೆನ್ನೆಗೂ ಮುತ್ತಿಟ್ಟು, ಕೋಟಿನ ಗುಂಡಿ ಹಾಕಿ, ಗೇಟು ದಾಟಿ ಹೊರಟುಹೋದಳು. ಹಿಲ್ಕೆ ಮೇಲಿನ ಕಿಟಕಿಯಿಂದ ನೋಡುತ್ತ ನಿಂತಳು. ಅಮ್ಮ ತಿರುಗಿ ನೋಡಲಿಲ್ಲ. ಬೀದಿಯ ಕೊನೆಯವರೆಗೂ, ಬಂದರಿನ ಕಡೆ ಮರೆಯಾಗುವವರೆಗೂ, ಒಂದು ಸಲವೂ ನೋಡಲಿಲ್ಲ. ಏಳು ವರ್ಷದ ಹುಡುಗಿಯ ಎದೆಯಲ್ಲಿ ಅದು ಮೀನಿನ ಮುಳ್ಳಿನ ಹಾಗೆ ಕೂತುಬಿಟ್ಟಿತು.

ವಸತಿಮನೆಯಲ್ಲಿ ಸಂಜೆಯಾದರೆ ಹೊಸ ಮಕ್ಕಳು ಅಳುತ್ತಿದ್ದರು. ಮುಖ ತೊಳೆಯುವ ಉದ್ದನೆಯ ತೊಟ್ಟಿಯ ಮುಂದೆ ನಿಂತು, ಸೋಪಿನ ನೊರೆಯ ನೆಪದಲ್ಲಿ ಎಲ್ಲರೂ ಕಣ್ಣುಜ್ಜಿಕೊಳ್ಳುವವರೇ. ಹಿಲ್ಕೆ ಟವೆಲನ್ನು ತಲೆಗೆ ಸುತ್ತಿಕೊಂಡು ವಸತಿಮನೆಯ ಮೇಲ್ವಿಚಾರಕಿಯಾದಳು. ಟವೆಲನ್ನು ಕೊರಳಿಗೆ ಹಾಕಿಕೊಂಡು ಪಾದ್ರಿಯಾದಳು. ಬಾಯಲ್ಲಿ ಕಚ್ಚಿಕೊಂಡು ಹಸುವಾದಳು. ಅಳುತ್ತಿದ್ದವರು ನಕ್ಕರು. ಅಳುವ ಗಂಟಲಿನಿಂದಲೇ ನಗುವೂ ಬರುತ್ತದೆಂದು, ಎರಡಕ್ಕೂ ದಾರಿ ಒಂದೇ ಎಂದು ಅವಳಿಗೆ ತಿಳಿದದ್ದು ಆ ತೊಟ್ಟಿಯ ಮುಂದೆ.

ಅವಳಿಗೆ ಒಂಬತ್ತು ತುಂಬಿದ ಚಳಿಗಾಲದಲ್ಲಿ ಅಮ್ಮ ತೀರಿಕೊಂಡಳು. ಎದೆಯ ಕಾಯಿಲೆ. ಕಾಲುವೆ ಹೆಪ್ಪುಗಟ್ಟಿ ದೋಣಿ ಎಲ್ಲೋ ಸಿಕ್ಕಿಬಿದ್ದಿತ್ತು. ಬೇರೆಂಡ್ ಬಸ್ಸು ಹಿಡಿದು, ಬಸ್ಸು ಇಲ್ಲದ ಕಡೆ ನಡೆದು ವಸತಿಮನೆಗೆ ಬಂದ. ಟೋಪಿಯನ್ನು ಕೈಯಲ್ಲಿ ತಿರುಗಿಸುತ್ತ, "ಅಮ್ಮ ಹೋಗ್ಬಿಟ್ಲು ಕಣೇ" ಎಂದ. ಇಬ್ಬರೂ ಬೆಂಚಿನ ಮೇಲೆ ಕೂತು, ಯಾರೋ ತಂದಿಟ್ಟ ಬಟಾಣಿ ಸೂಪು ಆರಿ ಗಟ್ಟಿಯಾಗುವುದನ್ನು ನೋಡಿದರು.

ಅದಾದ ಮೇಲೆ ಬೇಸಿಗೆ ರಜೆಯಲ್ಲಿ ಅವಳು ದೋಣಿಗೆ ಬಂದಾಗ ಒಂದು ವಿಚಿತ್ರ ಕಂಡಳು. ಜನರ ಜೊತೆ ನಾಲ್ಕು ಮಾತಾಡದ ಅಪ್ಪ ಎಂಜಿನ್ನಿನ ಜೊತೆ ಮಾತಾಡುತ್ತಿದ್ದ! ಎಂಜಿನ್ ಕೋಣೆಗಿಳಿಯುವ ಮೆಟ್ಟಿಲ ಬಳಿ ನಿಂತು, ಎಣ್ಣೆ ಡಬ್ಬಿ ಕೈಯಲ್ಲಿ ಹಿಡಿದು, ತಗ್ಗಿದ ದನಿಯಲ್ಲಿ ಹೇಳುತ್ತಿದ್ದ: "ಇವತ್ತು ಗಾಳಿ ಜಾಸ್ತಿ. ಸುಸ್ತಾಯ್ತಾ? ನಿಧಾನ ಚಿನ್ನ, ನಿಧಾನ. ದಡ ಎಲ್ಲೂ ಓಡಿಹೋಗಲ್ಲ." ಎಂಜಿನ್ ತುಕು ತುಕು ಎನ್ನುತ್ತಿತ್ತು. ಹಿಲ್ಕೆ ಬಾಯಿಗೆ ಕೈ ಅಡ್ಡ ಹಿಡಿದು ನಕ್ಕು, ಆ ದನಿಯನ್ನು ಹಾಗೇ ಎತ್ತಿ ಒಳಗಿಟ್ಟುಕೊಂಡಳು.

ಹತ್ತೊಂಬತ್ತಕ್ಕೆ ಅವಳು ಆಮ್‌ಸ್ಟರ್‌ಡ್ಯಾಮಿನ ಒಂದು ರಂಗಮಂದಿರದಲ್ಲಿ ಕೋಟು ಕಾಯುವ ಕೆಲಸಕ್ಕೆ ಸೇರಿದಳು. ಬಂದವರ ಕೋಟು ತೆಗೆದುಕೊಂಡು ಬಿಲ್ಲೆ ಕೊಡುವುದು, ಆಟ ಮುಗಿದ ಮೇಲೆ ಬಿಲ್ಲೆ ತೆಗೆದುಕೊಂಡು ಕೋಟು ಕೊಡುವುದು. ನಡುವಿನ ಎರಡು ಗಂಟೆ ಸಾಲು ಸಾಲು ಕೋಟುಗಳ ನಡುವೆ ಒಬ್ಬಳೇ. ಒದ್ದೆ ಉಣ್ಣೆಯ ವಾಸನೆ, ಮಬ್ಬು ದೀಪ, ಒಳಗಿನಿಂದ ತೆರೆಯ ಹಾಗೆ ಎದ್ದು ಬೀಳುವ ನಗು. ಅವಳು ಒಂದೊಂದು ಕೋಟನ್ನೂ ಮಾತಾಡಿಸುವಳು. ತುಪ್ಪಳದ ಕಾಲರಿನ ಕೋಟು ಸೊಸೆಯನ್ನು ಬೈಯುತ್ತಿತ್ತು. ಮೊಣಕೈ ಸವೆದ ಕೋಟು ಸಾಲ ಕೇಳುತ್ತಿತ್ತು.

ಒಂದು ಸಂಜೆ ತೆಳ್ಳಗಿನ, ಕಡ್ಡಿಯಂಥ ಒಬ್ಬ ಮನುಷ್ಯ ಆಟದ ಮಧ್ಯದಲ್ಲೇ ಎದ್ದುಬಂದು ಬಾಗಿಲಲ್ಲಿ ನಿಂತು ಇದನ್ನೆಲ್ಲ ಕೇಳಿಸಿಕೊಂಡ.

"ಆ ತುಪ್ಪಳದ ಕೋಟು ನಮ್ಮ ಸೋದರತ್ತೆದು" ಎಂದ.

ಹಿಲ್ಕೆಯ ಮುಖ ಕೆಂಪಾಯಿತು. "ಕ್ಷಮಿಸಿ ಸಾರ್, ನಾನು ಸುಮ್ನೆ..."

"ಕ್ಷಮೆ ಯಾಕೆ? ಥೇಟ್ ಹಾಗೇ ಬೈತಾಳೆ ಅವ್ಳು. ಒಂದು ಬಿಟ್ಟೆ ನೀನು. ಬೈದಾದ್ಮೇಲೆ ಒಂದು ಪೆಪರ್‌ಮಿಂಟ್ ಬಾಯಿಗೆ ಹಾಕ್ಕೋತಾಳೆ." ಅವನು ತನ್ನ ಕೋಟಿನ ಬಿಲ್ಲೆ ಮುಂದಿಟ್ಟ. "ನನ್ನ ಹೆಸರು ಡೀಡೆರಿಕ್. ಪಿಯಾನೋ ನುಡಿಸ್ತೀನಿ. ಒಳಗೆ ಆಡ್ತಿದಾನಲ್ಲ, ಅವನಿಗಿಂತ ನೀನು ವಾಸಿ."

"ನಿಮಗೆ ಅವರ ಆಟ ಹಿಡಿಸ್ಲಿಲ್ವಾ?"

"ನನ್ನ ಬಿಟ್ಟು ಬೇರೆಯವ್ನ ಪಿಯಾನೋಗಿಟ್ಕೊಂಡಿದಾನೆ. ಹೇಗೆ ಹಿಡಿಸುತ್ತೆ ಹೇಳು?"

ಹೀಗೆ ಇಬ್ಬರ ಕ್ಯಾಬರೆ ಶುರುವಾಯಿತು. ಕ್ಯಾಬರೆ ಎಂದರೆ ಆ ದೇಶದಲ್ಲಿ ಕುಣಿತವಲ್ಲ. ಒಬ್ಬರೇ ವೇದಿಕೆಯ ಮೇಲೆ ನಿಂತು, ಪಕ್ಕದಲ್ಲೊಂದು ಪಿಯಾನೋ ಇಟ್ಟುಕೊಂಡು, ಎರಡು ಗಂಟೆ ಹಾಡಿ, ಮಾತಾಡಿ, ಜನರನ್ನು ಅವರ ಮೇಲೆ ಅವರೇ ನಗುವ ಹಾಗೆ ಮಾಡಿ, ಕೊನೆಗೊಂದು ಗಳಿಗೆ ಸುಮ್ಮನಾಗಿಸಿ ಮನೆಗೆ ಕಳಿಸುವ ಕೆಲಸ. ಹಿಲ್ಕೆಗೆ ನಗಿಸುವುದು ಬರುತ್ತಿತ್ತು. ಸುಮ್ಮನಾಗಿಸುವುದು ಬರುತ್ತಿರಲಿಲ್ಲ. ಅದು ಬಾರದೆಂಬುದು ಅವಳಿಗೆ ಆಗ ಗೊತ್ತೂ ಇರಲಿಲ್ಲ.

ನೆಲಮಾಳಿಗೆಗಳಲ್ಲಿ ಆಡಿದರು. ಶಾಲೆಯ ವ್ಯಾಯಾಮದ ಹಾಲುಗಳಲ್ಲಿ, ಬಿಯರ್ ಅಂಗಡಿಯ ಹಿಂಬದಿಯಲ್ಲಿ ಆಡಿದರು. ಹಳೆಯ ವ್ಯಾನನ್ನು ಡೀಡೆರಿಕ್ ಓಡಿಸುತ್ತಿದ್ದರೆ ಹಿಲ್ಕೆ ಪಕ್ಕದಲ್ಲಿ ತೂಕಡಿಸುವಳು. ಊರುಗಳೆಲ್ಲ ಒಂದರೊಳಗೊಂದು ಕರಗಿಹೋಗುತ್ತಿದ್ದವು: ಅದೇ ಇಟ್ಟಿಗೆಯ ಬೀದಿ, ಅದೇ ಮಂಜು, ಅದೇ ಕಾಫಿಯ ಜೊತೆಗೊಂದೇ ಬಿಸ್ಕತ್ತು. ಒಂದು ಸಲ ಎದ್ದು ಕಣ್ಣುಜ್ಜಿಕೊಂಡು, "ಇದು ನಿನ್ನೆಯ ಊರಾ, ನಾಳೆಯದಾ?" ಎಂದು ಕೇಳಿದಳು. "ಇವತ್ತಿಂದು" ಎಂದ ಡೀಡೆರಿಕ್. "ನಿನ್ನೆಯೋರು ನಮ್ಮನ್ನ ಮತ್ತೆ ಒಳಗೆ ಬಿಡಲ್ಲ."

ಸ್ನೇಕ್ ಎಂಬ ಊರಿನಲ್ಲಿ ಒಂದು ದಿನ ಹಾಡಿನ ನಡುವೆ ಅವಳಿಗೆ ಸಾಲು ಮರೆತುಹೋಯಿತು. ಡೀಡೆರಿಕ್ ಎಡಗೈಯಲ್ಲಿ ಒಂದೇ ಸ್ವರವನ್ನು ತುಕು ತುಕು ಎಂದು ಬಾರಿಸುತ್ತ ಕಾದ. ಆ ತುಕು ತುಕು ಕೇಳಿದ್ದೇ ತಡ, ಅವಳ ಭುಜ ಬಾಗಿತು, ಗದ್ದ ಕೆಳಗಿಳಿಯಿತು, ಕೈಯಲ್ಲಿ ಇಲ್ಲದ ಎಣ್ಣೆ ಡಬ್ಬಿ ಬಂತು. "ಸುಸ್ತಾಯ್ತಾ? ನಿಧಾನ ಚಿನ್ನ, ನಿಧಾನ. ದಡ ಎಲ್ಲೂ ಓಡಿಹೋಗಲ್ಲ."

ಹಾಲಿನಲ್ಲಿದ್ದವರೆಲ್ಲ ದೋಣಿಯ ಊರಿನ ಜನ. ಕುರ್ಚಿಯಿಂದ ಬೀಳುವ ಹಾಗೆ ನಕ್ಕರು.

ಆ ವರ್ಷ ಮುಗಿಯುವುದರೊಳಗೆ ಅವಳನ್ನು ದೂರದರ್ಶನದವರು ಕರೆದರು. ಎಂಜಿನ್ನಿಗೆ ಮನಸೋತ ದೋಣಿಯವ ಇಡೀ ದೇಶದ ಮನೆಮಾತಾದ. ಟ್ರಾಮಿಗೆ ಓಡಿಬರುವವರಿಗೆ ಕಂಡಕ್ಟರು "ನಿಧಾನ ಚಿನ್ನ" ಎನ್ನುವನು. ಹೆರಿಂಗ್ ಮೀನು ಮಾರುವವಳು ಅವಸರದ ಗಿರಾಕಿಗೆ "ದಡ ಎಲ್ಲೂ ಓಡಿಹೋಗಲ್ಲ" ಎನ್ನುವಳು. ದೊಡ್ಡ ದೊಡ್ಡ ರಂಗಮಂದಿರಗಳು ತುಂಬಿದವು. ಹಿಲ್ಕೆಗೆ ಕಾಲುವೆಯ ದಡದಲ್ಲಿ ಸ್ವಂತ ಮನೆಯಾಯಿತು. ದೋಣಿಗೆ ಫೋನಿರಲಿಲ್ಲ, ಅಪ್ಪ ಭಾನುವಾರ ಯಾವುದಾದರೂ ಬೂತಿನಿಂದ ಮಾತಾಡುತ್ತಿದ್ದ. "ಆಟಕ್ಕೆ ಬಾ ಅಪ್ಪ" ಎಂದರೆ, "ಸರಕಿದೆ ಕಣೇ" ಎನ್ನುವನು. ಅವಳೂ ಹೆಚ್ಚು ಒತ್ತಾಯಿಸಲಿಲ್ಲ.

ಉಟ್ರೆಕ್ಟಿನಲ್ಲಿ ಒಂದು ದಿನ ಆಟ ಮುಗಿದ ಮೇಲೆ ಅವಳ ಬಣ್ಣದ ಕೋಣೆಗೆ ದಪ್ಪನೆಯ ಮುದುಕನೊಬ್ಬ ಬಂದ. ಕಾಲುವೆಯ ಕಟ್ಟೆಬಾಗಿಲು ಕಾಯುವವನು. ನೀರು ಏರಿಸಿ ಇಳಿಸಿ ದೋಣಿಗಳನ್ನು ದಾಟಿಸುವ ಕೆಲಸ ಅವನದು.

"ಬಹಳ ಚೆನ್ನಾಗಿತ್ತಮ್ಮ, ನಕ್ಕೂ ನಕ್ಕೂ ಪಕ್ಕೆ ನೋವು ಬಂತು" ಎಂದು ಟೋಪಿ ಸರಿಪಡಿಸಿಕೊಂಡ. ಹೋಗಲಿಲ್ಲ. "ನಿಮ್ಮ ತಂದೆ ಮೊದಲು ನಮ್ಮ ಕಟ್ಟೆ ದಾಟುವಾಗ ಇಳಿದು ಬಂದು ನನ್ ಜೊತೆ ಕಾಫಿ ಕುಡೀತಿದ್ರು. ಮಾತಾಡ್ತಿರ್ಲಿಲ್ಲ, ಕೂತಿರ್ತಿದ್ರು. ಈಗ ಇಳಿಯೋದೇ ಇಲ್ಲ."

"ಯಾಕೆ? ಹುಷಾರಿಲ್ವಾ ಅವರಿಗೆ?"

"ಹುಷಾರಾಗೇ ಇದಾರೆ. ದೋಣಿ ಕಂಡ ಕೂಡ್ಲೇ ಸೇತುವೆ ಮೇಲಿಂದ ಹುಡುಗ್ರು ಕೂಗ್ತವೆ, ನಿಧಾನ ಚಿನ್ನ ಅಂತ. ಬೇರೆ ದೋಣಿಯವ್ರೂ ಕೂಗ್ತಾರೆ. ಮೊದಮೊದಲು ನಾನೂ ಕೂಗಿದ್ದೆ." ಮುದುಕ ನೆಲ ನೋಡಿದ. "ಆಗ ಅವರು ಕಿಟಕಿ ಎಳ್ಕೊಂಡ್ರು."

ಮುಂದಿನ ಸೋಮವಾರ ಆಟವಿರಲಿಲ್ಲ. ಹಿಲ್ಕೆ ಬೆಳಿಗ್ಗೆಯೇ ಹೋಗಿ ಕಟ್ಟೆಯ ಬಳಿ ನಿಂತಳು. ನೀರಿನ ಮೇಲೆ ಹಾಲು ಕದಡಿದಂಥ ಮಂಜು. ಮಂಜಿನೊಳಗಿನಿಂದ ಮೊದಲು ತುಕು ತುಕು ಬಂತು, ಆಮೇಲೆ ದೋಣಿಯ ಮೂತಿ, ಆಮೇಲೆ ಎಷ್ಟೋ ಹೊತ್ತಿನ ಮೇಲೆ ಚುಕ್ಕಾಣಿ ಕೋಣೆ. ಬೇರೆಂಡ್ ಮಗಳನ್ನು ಕಂಡು ಕೈ ಚಾಚಿದ. ಅವಳು ಹತ್ತಿದಳು. ಕಟ್ಟೆ ದಾಟಿ ಎರಡು ತಿರುವು ಕಳೆಯಿತು. ಎರಡೂ ಕಡೆ ದಡ ಕಾಣುತ್ತಿರಲಿಲ್ಲ. ದೋಣಿ ನೀರಿನ ಮೇಲಿದೆಯೋ ಮೋಡದೊಳಗಿದೆಯೋ ಹೇಳುವ ಹಾಗಿರಲಿಲ್ಲ.

"ಅಪ್ಪ, ನೀನು ಎಂಜಿನ್ ಜೊತೆ ಮಾತಾಡೋದನ್ನ ನಾನು ಆಡಿ ತೋರಿಸ್ತೀನಿ. ನಿನ್ನ ಕೇಳಬೇಕಿತ್ತು."

"ಎಂಜಿನ್ ಜೊತೆ ಮಾತಾಡೋಕೆ ನಂಗೇನು ತಲೆ ಕೆಟ್ಟಿದ್ಯಾ?" ಎಂದ ಬೇರೆಂಡ್.

"ಮತ್ತೆ ಯಾರ ಜೊತೆ?"

ಅವನು ಚುಕ್ಕಾಣಿಯನ್ನು ಒಂದಿಷ್ಟು ತಿರುಗಿಸಿದ. "ಆ ಮೆಟ್ಟಿಲು ಬೆಚ್ಚಗಿರುತ್ತೆ. ನಿಮ್ಮಮ್ಮ ಅಲ್ಲೇ ಕೂತು ಆಲೂಗಡ್ಡೆ ಹೆರೀತಿದ್ಲು. ಇನ್ನೆಲ್ಲಿ ನಿಂತು ಮಾತಾಡ್ಲಿ ಅವಳ ಜೊತೆ?"

ಬೇರೆಂಡ್ ಮುಂದುವರಿಸಿದ. ಮಂಜು ಅವನ ನಾಲಿಗೆಯ ಗಂಟನ್ನು ಬಿಚ್ಚಿತ್ತೋ ಏನೋ, ಅಷ್ಟು ಉದ್ದ ಮಾತಾಡಿದ್ದನ್ನು ಅವಳು ಅಲ್ಲಿಯವರೆಗೆ ಕೇಳಿರಲಿಲ್ಲ.

"ನಿನ್ನ ವಸತಿಮನೇಲಿ ಬಿಟ್ಟು ಬಂದ್ಲಲ್ಲ, ಆವತ್ತು. ದೋಣಿ ಹೊರಡ್ತು. ಬಂದರು ದಾಟೋ ಮುಂಚೆನೇ ಇವ್ಳು ಅಂಚಿಗೆ ಓಡಿದ್ಲು. ಹಾರ್ತೀನಿ, ವಾಪಸ್ ಹೋಗ್ತೀನಿ ಅಂತಾಳೆ. ಚಪ್ಪಲಿ ಬಿಟ್ಟೇಬಿಟ್ಟಿದ್ಲು. ತಿರುಗಿ ನೋಡಿದ್ರೆ ಅಲ್ಲಿಂದ ಬರೋಕೇ ಆಗ್ತಿರ್ಲಿಲ್ಲ, ಅದಕ್ಕೇ ನೋಡ್ಲಿಲ್ಲ ಅಂತ ಬಿಕ್ಕಿ ಬಿಕ್ಕಿ ಅಳ್ತಾಳೆ. ನಾನು ಸೊಂಟ ಹಿಡ್ಕೊಂಡೆ. ಏನು ಹೇಳ್ಬೇಕೋ ಗೊತ್ತಾಗ್ಲಿಲ್ಲ. ನಿಧಾನ ಚಿನ್ನ, ದಡ ಎಲ್ಲೂ ಓಡಿಹೋಗಲ್ಲ ಅಂದೆ. ರಜೆ ಬರುತ್ತೆ, ಹೋಗಿ ಕರ್ಕೊಂಡ್ ಬರೋಣ ಅಂದೆ."

ಹಿಲ್ಕೆ ಕಿಟಕಿಯ ಮರಕ್ಕೆ ಹಣೆ ಆನಿಸಿ ನಿಂತಳು. ಬೀದಿಯ ಕೊನೆಯವರೆಗೆ ತಿರುಗದೆ ನಡೆದುಹೋದ ಅಮ್ಮನ ಬೆನ್ನು ಈಗ ಮಂಜಿನಲ್ಲಿ ಮೆಲ್ಲಗೆ ನಡುಗುತ್ತಿತ್ತು. ಎದೆಯೊಳಗಿನ ಮುಳ್ಳು ಕರಗಿದ್ದು ಆಗಲೇ. ಅವಳು ಬಹಳ ಹೊತ್ತು ಅತ್ತಳು. ಬೇರೆಂಡ್ ಒಂದು ಕೈ ಚುಕ್ಕಾಣಿಯ ಮೇಲೆ, ಒಂದು ಕೈ ಅವಳ ತಲೆಯ ಮೇಲೆ ಇಟ್ಟುಕೊಂಡು ದೋಣಿ ನಡೆಸಿದ.

"ಇನ್ನು ಅದನ್ನ ಆಡಲ್ಲ ಅಪ್ಪ" ಎಂದಳು.

"ಆಡು. ಆದ್ರೆ ನೀನು ಅರ್ಧನೇ ಹೇಳ್ತಿದ್ದೀಯ. ಅವಳನ್ನೂ ಸೇರಿಸು."

ಮಾತು ಸುಲಭವಾಗಿತ್ತು, ಕೆಲಸ ಸುಲಭವಾಗಿರಲಿಲ್ಲ. ಹಿಲ್ಕೆ ಆ ಬೇಸಿಗೆಯಲ್ಲಿ ಆಟಗಳನ್ನೆಲ್ಲ ನಿಲ್ಲಿಸಿಬಿಟ್ಟಳು. ಡೀಡೆರಿಕ್ ಕೂಗಾಡಿದ. "ತುಂಬಿದ ಹಾಲು ಬಿಟ್ಟು ದೋಣೀಲಿ ಕೂತ್ಕೋತೀನಿ ಅಂತೀಯಲ್ಲ, ಮತ್ತೆ ನೆಲಮಾಳಿಗೆಗೆ ಹೋಗೋ ಆಸೆನಾ?" ಎಂದ. "ಅಮ್ಮನ ದನಿ ನೆನಪಾಗ್ತಿಲ್ಲ ಕಣೋ" ಎಂದಳು ಅವಳು. "ಯಾರ ದನಿ ಬೇಕಾದ್ರೂ ಬರುತ್ತೆ ನನಗೆ. ನಿನ್ನ ಸೋದರತ್ತೆದು ಬರುತ್ತೆ. ಅಮ್ಮಂದು ಬರ್ತಿಲ್ಲ." ಡೀಡೆರಿಕ್ ಪಿಯಾನೋದ ಮುಚ್ಚಳ ಹಾಕಿ, "ಸಿಕ್ಕಿದ್ಮೇಲೆ ಕರಿ" ಎಂದ.

ಅವಳು ಅಪ್ಪನ ಜೊತೆ ದೋಣಿಯಲ್ಲಿ ತಿರುಗಿದಳು. ನೀರು, ಹುಲ್ಲು, ಆಕಾಶ. ದಿನಗಳು ಒಂದಕ್ಕೊಂದು ಅಂಟಿಕೊಂಡು ಒಂದೇ ಉದ್ದನೆಯ ಮಧ್ಯಾಹ್ನವಾದವು. ಅವಳು ಬೆಚ್ಚನೆಯ ಮೆಟ್ಟಿಲ ಮೇಲೆ ಕೂತು ಆಲೂಗಡ್ಡೆ ಹೆರೆದಳು, ಒದ್ದೆ ದುಪ್ಪಟಿ ಹರವಿದಳು, ಅಮ್ಮ ಕೂಗುತ್ತಿದ್ದಂತೆ ಅಪ್ಪನ ಹೆಸರು ಕೂಗಿ ನೋಡಿದಳು. ಬರುತ್ತಿದ್ದದ್ದು ತನ್ನದೇ ದನಿ. ಕನಸಿನಲ್ಲಿ ಅಮ್ಮ ದಡದ ಮೇಲೆ ನಿಂತು ಮಾತಾಡುತ್ತಿದ್ದಳು. ತುಟಿ ಆಡುತ್ತಿತ್ತು, ಕೇಳುತ್ತಿರಲಿಲ್ಲ.

ಒಂದು ಸಂಜೆ ಡೆವೆಂಟರ್ ಊರು ಹಿಂದಾಗುತ್ತಿತ್ತು. ಹೊಳೆಯ ಮೇಲೆ ಬಿಸಿಲು ಚಿನ್ನದ ಹೊಟ್ಟಿನಂತೆ ತೇಲುತ್ತಿತ್ತು. ದಡದಲ್ಲಿ ಯಾರದೋ ಟೋಪಿ ಗಾಳಿಗೆ ಹಾರಿ, ಅವನು ಅದರ ಹಿಂದೆ ಓಡಿದ. ಹಿಲ್ಕೆ ಸುಮ್ಮನೆ ನೋಡುತ್ತಿದ್ದಳು. ಆಗ ಬೆನ್ನ ಹಿಂದಿನಿಂದ ಒಂದು ಹೆಂಗಸಿನ ದನಿ ಬಂತು. ಸ್ವಲ್ಪ ಒಡಕು, ಕೊನೆಯಲ್ಲಿ ಮೇಲಕ್ಕೇರುವ ದನಿ: "ಬೇರೆಂಡ್, ಅಲ್ನೋಡೋ, ಅಲ್ನೋಡೋ! ತಲೆ ಹೋದ್ರೂ ಪರವಾಗಿಲ್ಲ, ಟೋಪಿ ಬೇಕು ಅವನಿಗೆ!" ಆಮೇಲೆ ನಗು. ಮೂಗಿನಲ್ಲಿ ಶುರುವಾಗಿ ಹೊಟ್ಟೆಗಿಳಿಯುವ ನಗು.

ಅವಳು ತಿರುಗಿದಳು. ಚುಕ್ಕಾಣಿಯ ಮುಂದೆ ಬೇರೆಂಡ್ ಒಂದು ಕೈ ಸೊಂಟದ ಮೇಲಿಟ್ಟು, ತಲೆ ಓರೆ ಮಾಡಿ ನಿಂತಿದ್ದ. ಮೀಸೆಯ ಕೆಳಗೆ ಯಾಂತಿನಾಳ ತುಟಿಯಿತ್ತು. ಒಂದು ಗಳಿಗೆ ಅಷ್ಟೇ. ಆಮೇಲೆ ನಾಚಿಕೊಂಡು ಕೆಮ್ಮಿದ.

"ಅಪ್ಪ! ಇಷ್ಟು ದಿನ ಯಾಕೆ ಹೇಳ್ಲಿಲ್ಲ ನಿಂಗೆ ಬರುತ್ತೆ ಅಂತ?"

"ನೀನು ಕೇಳ್ಲಿಲ್ಲವಲ್ಲ" ಎಂದ.

ಚಳಿಗಾಲದಲ್ಲಿ ಹೊಸ ಆಟ ಜ್ವೊಲ್ಲೆಯಲ್ಲಿ ಮೊದಲಾಯಿತು. ಬೇರೆಂಡ್ ಮದುವೆಯ ಕಪ್ಪು ಸೂಟು ಹಾಕಿಕೊಂಡು, ಕೂದಲಿಗೆ ನೀರು ಹಚ್ಚಿ ಬಾಚಿಕೊಂಡು, ಮೂರನೆಯ ಸಾಲಿನ ತುದಿಯಲ್ಲಿ ಕೂತ. ಅವನ ಪಕ್ಕದಲ್ಲಿ ಕಟ್ಟೆಬಾಗಿಲಿನ ಮುದುಕ. ಮೊದಲ ಅರ್ಧ ಜನ ಎಂದಿನಂತೆ ನಕ್ಕರು. ಡೀಡೆರಿಕ್ ಎಡಗೈಯಲ್ಲಿ ತುಕು ತುಕು ಎಂದು ಎಂಜಿನ್ ಶುರುಮಾಡಿದಾಗ ಚಪ್ಪಾಳೆ ಹೊಡೆದರು. ಹಿಲ್ಕೆ ಭುಜ ಬಗ್ಗಿಸಿ, ಎಣ್ಣೆ ಡಬ್ಬಿ ಹಿಡಿದು, "ನಿಧಾನ ಚಿನ್ನ" ಎಂದಳು. ಜನ ಹೋ ಎಂದರು.

ಆಗ ಅವಳು ಮೆಟ್ಟಿಲ ಮೇಲೆ ಕೂತವಳಾದಳು. ಆಲೂಗಡ್ಡೆ ಹೆರೆಯುತ್ತ ಹೆರೆಯುತ್ತ ಎದ್ದು ಅಂಚಿಗೆ ಓಡಿದಳು, ಚಪ್ಪಲಿ ಬಿಟ್ಟಳು. ಮತ್ತೆ ಗಂಡಸಾಗಿ ಆ ಸೊಂಟವನ್ನು ಹಿಡಿದಳು. "ದಡ ಎಲ್ಲೂ ಓಡಿಹೋಗಲ್ಲ." ಮಾತು ಅದೇ. ಯಾರೂ ನಗಲಿಲ್ಲ. ಬಿಸಿಯಾದ ಕತ್ತಲೆಯಲ್ಲಿ ಕೆಮ್ಮು ಕೂಡ ಕೇಳಲಿಲ್ಲ. ಅಷ್ಟು ದೊಡ್ಡ ಮೌನವನ್ನು ಹಿಲ್ಕೆ ಎಂದೂ ಕೈಯಲ್ಲಿ ಹಿಡಿದಿರಲಿಲ್ಲ; ನಿದ್ದೆ ಹೋದ ಮಗುವನ್ನು ಎತ್ತಿಕೊಂಡಂತೆ ಅಲುಗಾಡದೆ ನಿಂತಳು.

ಆಮೇಲೆ ಕೈ ಸೊಂಟಕ್ಕೆ ಹೋಯಿತು, ತಲೆ ಓರೆಯಾಯಿತು. "ಬೇರೆಂಡ್, ಅಲ್ನೋಡೋ, ಅಲ್ನೋಡೋ!"

ಇಡೀ ಹಾಲಿನಲ್ಲಿ ಒಬ್ಬನೇ ನಕ್ಕ. ಗಟ್ಟಿಯಾಗಿ, ತಡೆಯಲಾರದೆ, ತೊಡೆ ತಟ್ಟಿಕೊಂಡು ನಕ್ಕ. ಜನ ತಿರುಗಿ ನೋಡಿದರು. ಅವನ ಕೆನ್ನೆಯೆಲ್ಲ ಒದ್ದೆಯಾಗಿತ್ತು. ಹಿಲ್ಕೆ ಮುಂದಿನ ಮಾತಿಗೆ ಹೋಗಲಿಲ್ಲ. ಅವನು ನಕ್ಕು ಮುಗಿಸುವವರೆಗೆ ಕಾದಳು. ಡೀಡೆರಿಕ್‌ನ ಕೈಗಳೂ ಪಿಯಾನೋದ ಮೇಲೆ ಸುಮ್ಮನೆ ಕಾದವು.

ಆಟ ಮುಗಿದು ಜನ ಹೋದ ಮೇಲೆ ಬೇರೆಂಡ್ ವೇದಿಕೆ ಹತ್ತಿ ಬಂದ. ಮಗಳ ಗಲ್ಲ ತಟ್ಟಿ, "ಸೊಂಟದ ಮೇಲೆ ಎಡಗೈ ಇಟ್ಟೆ. ಅವಳು ಬಲಗೈ ಇಡ್ತಿದ್ಲು" ಎಂದ.

"ನಾಳೆ ಸರಿ ಮಾಡ್ತೀನಿ ಅಪ್ಪ."

ಅವನು ಪಿಯಾನೋವನ್ನು ಸುತ್ತು ಹಾಕಿ ನೋಡಿದ. ಒಂದು ಮೂಲೆ ಹಿಡಿದು ಒಂಚೂರು ಎತ್ತಿದ. "ಇದನ್ನ ಆ ವ್ಯಾನಲ್ಲಿ ಹೊತ್ಕೊಂಡು ತಿರುಗ್ತೀಯಾ?" ಎಂದು ಡೀಡೆರಿಕ್‌ನನ್ನು ಕೇಳಿದ.

"ಇದನ್ನಲ್ಲ, ಚಿಕ್ಕದೊಂದಿದೆ. ಅದೇ ಇನ್ನೂರು ಕಿಲೋ. ಸೊಂಟ ಬಿದ್ದುಹೋಗಿದೆ ನಂಗೆ."

"ಬರೀ ಇನ್ನೂರಾ?" ಬೇರೆಂಡ್ ಟೋಪಿ ಹಾಕಿಕೊಂಡ. "ಜಲ್ಲಿ ಮೇಲೆ ಒಂದು ಹಲಗೆ ಹಾಸಿ ಕೂರಿಸ್ಬಹುದು. ಮುಂದಿನ ಊರು ಯಾವ್ದು?"

"ಕಾಂಪನ್" ಎಂದಳು ಹಿಲ್ಕೆ.

"ದಾರೀಲೇ ಇದೆ" ಎಂದ ಅವನು.

ಮೂವರೂ ಹೊರಗೆ ಬಂದರು. ಸಣ್ಣಗೆ ಹಿಮ ಬೀಳತೊಡಗಿತ್ತು. ಚೌಕದ ಮೂಲೆಯಲ್ಲಿ ಕರಿದ ಮೀನಿನ ಗಾಡಿಯಿಂದ ಆವಿ ಏಳುತ್ತಿತ್ತು. ಬೇರೆಂಡ್ ಮೂರು ಪೊಟ್ಟಣ ಕೊಂಡ. ಗಾಡಿಯವಳು ಹಿಲ್ಕೆಯ ಗುರುತು ಹಿಡಿದು "ನಿಧಾನ..." ಎಂದು ಬಾಯಿ ತೆರೆದವಳು, ಪಕ್ಕದಲ್ಲಿದ್ದ ಬೇರೆಂಡ್‌ನ ಮುಖ ನೋಡಿ ಮಾತು ನುಂಗಿ, ಇನ್ನೆರಡು ತುಂಡು ಮೀನು ಹೆಚ್ಚಿಗೆ ಹಾಕಿಕೊಟ್ಟಳು.